ಎರಡೇ ಭಾಗ ಓದಿದ ಮಾವ

ನನ್ನ ಸೋದರಮಾವನ ಕ್ಷೌರದಂಗಡಿಗೂ ನನ್ನ ಹೊಲಿಗೆಯಂಗಡಿಗೂ ನಡುವೆ ಒಂದು ಹಲಗೆಗೋಡೆ, ಅಷ್ಟೆ. ಹಾಗಾಗಿ ಇಪ್ಪತ್ತು ವರ್ಷ ಅವನು ಗಿರಾಕಿಗಳಿಗೆ ಹೇಳಿದ ಕಥೆಯನ್ನು ನಾನೂ ಬಿಟ್ಟಿಯಾಗಿ ಕೇಳಿದ್ದೇನೆ. ಚೀನಾದ ಹಳೆಯ ಕತ್ತಿವರಸೆಯ ಕಾದಂಬರಿ ಅದು. ಗಲ್ಲಕ್ಕೆ ನೊರೆ ಹಚ್ಚುವಾಗ ಶುರು, ಇನ್ನೇನು ಕತ್ತಿ ನಾಯಕನ ಕುತ್ತಿಗೆಗೆ ಬಂತು ಎನ್ನುವಾಗ, "ಉಳಿದಿದ್ದು ಮುಂದಿನ ಸಲ." ಗಡ್ಡ ಬೆಳೆಯುವುದನ್ನೂ ಕಾಯದೆ ಜನ ಬರುತ್ತಿದ್ದರು.

ಗುಟ್ಟು ಗೊತ್ತಿದ್ದದ್ದು ನನಗೊಬ್ಬಳಿಗೇ. ಕಾದಂಬರಿಗೆ ನಾಲ್ಕು ಭಾಗ. ಮಾವ ರದ್ದಿ ಅಂಗಡಿಯಿಂದ ತಂದು ಓದಿದ್ದು ಎರಡೇ. ಎರಡನೆಯದರ ಕೊನೆಯ ಪುಟದಲ್ಲಿ ನಾಯಕಿ ಬೆಟ್ಟದ ತುದಿಯಿಂದ ಬೀಳುತ್ತಾಳೆ. ಅವಳನ್ನು ಎಬ್ಬಿಸಿ, ಮದ್ದು ಹಚ್ಚಿ, ಮದುವೆ ಮಾಡಿಸಿದ್ದೆಲ್ಲ ಮಾವನೇ. ಬಾಯಲ್ಲಿ ಮಾತ್ರ, "ಪುಸ್ತಕದಲ್ಲಿ ಹೀಗೇ ಇದೆ!"

ಈಗ ಅದೇ ಕಾದಂಬರಿ ಟೀವಿ ಧಾರಾವಾಹಿಯಾಗಿ ಬಂತು. ಮಾವ ಹಲಗೆಗೋಡೆ ತಟ್ಟಿ ನನ್ನನ್ನು ಕರೆದ.

"ನನ್ನ ಬಣ್ಣ ಬಯಲಾಗುತ್ತೆ ಕಣೇ. ಇನ್ನು ಈ ಬೀದೀಲಿ ತಲೆ ಎತ್ಕೊಂಡು ಓಡಾಡೋ ಹಾಗಿಲ್ಲ."

ಅಂಗಡಿಯ ಟೀವಿ ಆರಿಸೋಣವೆಂದರೆ ಗಿರಾಕಿಗಳು ಬಿಡರು. ನಿಜ ಹೇಳಬೇಕೆಂದರೆ ಮಾವನೂ ಬಿಡಲಾರ. ಬಿದಿರಿನ ತುದಿಯಲ್ಲಿ ನಿಂತು ಕಾದಾಡುವ ಆ ನಾಯಕಿ ಈಗಿನವರ ಹಾಗೆ ಗುರುವಿಗೇ ಎದುರು ಮಾತಾಡುತ್ತಿದ್ದಳು. ಪುಸ್ತಕದಲ್ಲಿ ಎರಡು ಸಾಲಿನಲ್ಲಿ ಮುಗಿದ ಅವಳ ಅಳು ಇಲ್ಲಿ ಅರ್ಧ ಗಂಟೆ ನಮ್ಮನ್ನೂ ಅಳಿಸಿತು. ಹೊಡೆದಾಟ ಎಷ್ಟೇ ಇರಲಿ, ಕೊಟ್ಟ ಮಾತು ಉಳಿಸಿಕೊಳ್ಳಲು ಇವರು ಏನೇನು ಕಳೆದುಕೊಳ್ಳುತ್ತಾರೋ ಎಂದೇ ನಾನೂ ಹೊಲಿಗೆ ಬಿಟ್ಟು ಬಂದು ನಿಲ್ಲುತ್ತಿದ್ದೆ.

ಒಂದು ದಿನ ಅವಳು ಬೆಟ್ಟದಿಂದ ಬಿದ್ದಳು. ಮರುದಿನದ ಕಂತಿನಲ್ಲಿ ಅವಳ ಗೋರಿಯನ್ನೇ ತೋರಿಸಿದರು.

"ಥೂ, ಟೀವಿಯವರು ಕಥೆ ಕೆಡಿಸಿಬಿಟ್ರು!" ಎಂದ ಹಾಲಿನವ. "ಪುಸ್ತಕದಲ್ಲಿ ಅವಳು ಬದುಕ್ತಾಳೆ. ಅಲ್ವಾ ಅಣ್ಣ?"

ಎಲ್ಲರೂ ಹೌದು ಹೌದು ಎಂದರು. ಬದುಕಿದೆಯಾ ಬಡಜೀವವೇ ಎಂದು ಮಾವ ಸುಮ್ಮನಿದ್ದಿದ್ದರೆ ಆಗುತ್ತಿತ್ತು. ಅವನು ಕತ್ತರಿ ಕೆಳಗಿಟ್ಟ.

"ಅವರನ್ನ ಬೈಬೇಡಿ. ಪುಸ್ತಕದಲ್ಲಿ ಏನಿದೆಯೋ ನಂಗೂ ಗೊತ್ತಿಲ್ಲ. ಓದಿದ್ದು ಎರಡೇ ಭಾಗ. ಮಿಕ್ಕಿದ್ದೆಲ್ಲ ನಾನೇ ಕಟ್ಟಿದ್ದು."

ನನಗೆ ಅವನ ಮುಖ ನೋಡಲಾಗಲಿಲ್ಲ. ಆಗ ಕುರ್ಚಿಯಲ್ಲಿ ಅರ್ಧ ಕ್ಷೌರವಾಗಿ ಕೂತಿದ್ದ ಮೇಷ್ಟ್ರು, ಮೊದಲ ದಿನದಿಂದಲೂ ಕಥೆ ಕೇಳಿದವರು, ಕನ್ನಡಿಯಲ್ಲೇ ಮಾವನನ್ನು ನೋಡಿದರು.

"ಗೊತ್ತು ಕಣಯ್ಯ. ನಾನು ನಾಲ್ಕೂ ಓದಿದೀನಿ. ಅದರಲ್ಲೂ ಅವಳು ಸಾಯ್ತಾಳೆ."

"ಮತ್ತೆ ಇಷ್ಟು ವರ್ಷ ಯಾಕೆ ಹೇಳಲಿಲ್ಲ ಮೇಷ್ಟ್ರೇ?"

"ಹೇಳಿದ್ರೆ ನೀನೂ ಸಾಯಿಸಿಬಿಡ್ತಿದ್ದೆ."

ಹಾಲಿನವ ತಲೆ ಕೆರೆದುಕೊಂಡ. "ಹಾಗಾದ್ರೆ ಮದುವೆ ಆದ್ಮೇಲೆ ಏನಾಯ್ತು ಅನ್ನೋದು ಯಾವ ಪುಸ್ತಕದಲ್ಲೂ ಇಲ್ಲ. ನಿಂಗೊಬ್ಬನಿಗೇ ಗೊತ್ತು. ಹೇಳಣ್ಣ, ಮಕ್ಕಳಾದ್ವಾ?"

ಎಷ್ಟೋ ವಾರಗಳ ಮೇಲೆ ಮಾವನಿಗೆ ಹೋದ ಜೀವ ಬಂದಂತಾಯಿತು. ಟೀವಿಯ ಸದ್ದು ತಗ್ಗಿಸಿ, ಕತ್ತರಿ ಎತ್ತಿಕೊಂಡು, "ಅವಳಿ. ಎರಡೂ ಹೆಣ್ಣು" ಎಂದ.