ಸಾಕ್ಷಿಯ ಊಟ

ಇವತ್ತು ಬೆಳಗ್ಗೆ ನಮ್ಮ ಬೀದಿಯ ನಲ್ಲಿಯಲ್ಲಿ ಬಂದ ನೀರಿಗೆ ಬ್ಲೀಚಿಂಗ್ ಪುಡಿ ಜಾಸ್ತಿ ಬಿದ್ದಿತ್ತು. ಸೊಸೆ ಮೂಗು ಮುಚ್ಚಿಕೊಂಡು ಬಿಂದಿಗೆ ಚೆಲ್ಲಲು ಹೊರಟಳು. ಇರಲಿ ಬಿಡಮ್ಮ ಎಂದೆ. ಆ ವಾಸನೆಗೆ ನಿಮಗೆ ಆಸ್ಪತ್ರೆ ನೆನಪಾಗಬಹುದು. ನನಗೆ ನೆನಪಾಗುವುದು ಮುನಿಯಪ್ಪನ ಕೈ.

ಬೇತಮಂಗಲದ ಕಡೆ ಒಂದು ಸಣ್ಣ ಪಂಪ್‌ಹೌಸಿನಲ್ಲಿ ನಾನು ದಿನಗೂಲಿಗೆ ಸೇರಿದ್ದೆ. ಎಸ್ಸೆಸ್ಸೆಲ್ಸಿ ಪಾಸಾದವನು, ನೀರಿಗೆ ಪುಡಿ ಕಲಸುವ ಕೆಲಸ ನನ್ನ ಯೋಗ್ಯತೆಗೆ ಕಡಿಮೆ ಎಂಬ ಜಂಬ. ಭಾವಮೈದುನನ ಜೊತೆ ಟೊಮೇಟೊ ವ್ಯಾಪಾರಕ್ಕಿಳಿದು ಕೆಲವು ವರ್ಷ ಕೋಲಾರದ ಮಂಡಿಯಲ್ಲೇ ಕಳೆದೆ. ನನ್ನ ವ್ಯಾಪಾರದ ಜಾಣತನ ಎಂಥದ್ದೆಂದರೆ, ಬೆಲೆ ಏರಿದಾಗ ನನ್ನ ಹತ್ತಿರ ಹಣ್ಣಿರುತ್ತಿರಲಿಲ್ಲ, ಹಣ್ಣಿದ್ದಾಗ ಬೆಲೆ ಇರುತ್ತಿರಲಿಲ್ಲ. ಆದರೂ ಪಂಪ್‌ಹೌಸಿನಲ್ಲಿ ನನ್ನ ಹಾಜರಿ ತಪ್ಪಲಿಲ್ಲ. ನನ್ನ ಬದಲಿಗೆ, ಕೂಲಿ ಹುಡುಕುತ್ತಿದ್ದ ಮುನಿಯಪ್ಪ ಹೋಗುತ್ತಿದ್ದ. ಕೂಲಿ ಅವನದು, ಹೆಸರು ನನ್ನದು. ಮೇಸ್ತ್ರಿಗೂ ಗೊತ್ತಿತ್ತು.

"ಯಾರ್ ಎಸ್ರಾದ್ರೇನಣ್ಣಾ, ನೀರು ಮೇಲಕ್ಕತ್ತುದ್ರೆ ಸಾಕು" ಎಂದು ನಗುತ್ತಿದ್ದ ಮುನಿಯಪ್ಪ. ಆ ಹೆಸರಿಗೆ ಮುಂದೊಂದು ದಿನ ಪಿಂಚಣಿ ಬರುತ್ತದೆಂದು ಇಬ್ಬರಿಗೂ ಹೊಳೆದಿರಲಿಲ್ಲ.

ದಿನಗೂಲಿಯವರನ್ನು ಕಾಯಂ ಮಾಡಿದಾಗ ಅವನು ದುಡಿದ ವರ್ಷಗಳೆಲ್ಲ ನನ್ನ ಸೇವೆಯಾದವು. ಮಂಡಿ ಬಿಟ್ಟು ಓಡಿಬಂದು ಕುರ್ಚಿ ಹಿಡಿದೆ. ಮುನಿಯಪ್ಪ ಮತ್ತೆ ಹೊಸದಾಗಿ ದಿನಗೂಲಿಗೆ ಸೇರಿ ತನ್ನ ಹೆಸರಲ್ಲಿ ಕಾಯಂ ಆಗುವಷ್ಟರಲ್ಲಿ ಬಹಳ ತಡವಾಗಿತ್ತು. ನಿವೃತ್ತನಾದಾಗ, ಪಿಂಚಣಿಗೆ ಬೇಕಾದಷ್ಟು ಸೇವೆ ಆಗಿಲ್ಲ ಎಂದರು. ಕೇಸು ಹಾಕಿದ. ಮೇಸ್ತ್ರಿ ತೀರಿಕೊಂಡಿದ್ದ. ಸಾಕ್ಷಿಗೆ ಉಳಿದವನು ನಾನೊಬ್ಬನೇ.

ಆ ವರ್ಷಗಳಲ್ಲಿ ಅಲ್ಲಿ ಕೆಲಸ ಮಾಡಿದವರು ಯಾರು ಎಂದು ವಕೀಲರು ಕೇಳಿದರು. ಮುನಿಯಪ್ಪ ಎಂದರೆ ನನ್ನ ಪಿಂಚಣಿಗೇ ಕುತ್ತು. ಅವನು ಎದುರಿಗೇ ನಿಂತಿದ್ದ. ಪುಡಿ ಕಲಸಿ ಕಲಸಿ ಬೆರಳ ಸಂದು ಬಿರಿದು, ಉಗುರು ಸವೆದ ಕೈ. ಕಟಕಟೆಯ ಮೇಲಿದ್ದ ನನ್ನ ಕೈ ನುಣ್ಣಗಿತ್ತು.

"ನಾನೇ ಸ್ವಾಮಿ" ಎಂದೆ.

ಅವನು ಕೂಗಾಡಲಿಲ್ಲ. ನಾನು ಬಸ್ ಸ್ಟ್ಯಾಂಡಿನ ಕಡೆ ಸರಸರ ನಡೆಯುತ್ತಿದ್ದರೆ ಹಿಂದಿನಿಂದ ಬಂದು ತೋಳು ಹಿಡಿದ. ಸಾಕ್ಷಿಗೆ ಕರೆತಂದವರು ಊಟ ಹಾಕಿಸಿ ಕಳಿಸುವುದು ನಮ್ಮ ಕಡೆಯ ಪದ್ಧತಿ.

"ಸಾಕ್ಷಿಗೆ ಬಂದೋನು ಅಸ್ಕೊಂಡು ಓಗ್ಬಾರ್ದು, ಬಾಣ್ಣಾ."

ಹೋಟೆಲಿನಲ್ಲಿ ಮುದ್ದೆ ಸಾರು ಹಾಕಿಸಿದ. ತಾನು ಬರೀ ಟೀ ಕುಡಿದ. ನಾನು ಉಂಡೆ. ಇದೊಂದನ್ನು ಮುಚ್ಚಿಟ್ಟರೆ ನಿಮಗೆ ಇಷ್ಟು ಹೇಳಿಯೂ ಪ್ರಯೋಜನವಿಲ್ಲ: ಇನ್ನೊಂದು ಮುದ್ದೆ ಹಾಕಿಸಲೇ ಎಂದು ಅವನು ಕೇಳಿದಾಗ ಹೂಂ ಎಂದೆ.

ಕೇಸು ಸೋತ. ಮೇಲಿನ ಕೋರ್ಟಿಗೆ ಹೋಗಿ, ತೀರ್ಪಿಗೆ ಮುಂಚೆ ಸತ್ತ. ಅಲ್ಲಿಂದ ಮತ್ತೆ ವಿಚಾರಣೆಯಾಗಲಿ ಎಂದು ಕೇಸು ಹಿಂದಕ್ಕೆ ಬಂದಿದೆ. ಈಗ ಅದನ್ನು ನಡೆಸುತ್ತಿರುವವಳು ಅವನ ಹೆಂಡತಿ ರಾಜಮ್ಮ.

ಹೋದ ವಾರ ನಂದಿದುರ್ಗ ಗಣಿಯ ಹಳೇ ಕೂಲಿಲೈನಿನಲ್ಲಿರುವ ಅವಳ ಮನೆಗೆ ಹೋದೆ. ನನ್ನ ಪಿಂಚಣಿ ಹೋದರೂ ಸರಿ, ನಿಜ ಹೇಳಲು ಬರುತ್ತೇನೆ ಎಂದೆ. ಅವಳು ಅಕ್ಕಿ ಆರಿಸುತ್ತಿದ್ದ ಮೊರ ಕೆಳಗಿಡಲಿಲ್ಲ.

"ಅವ್ರಿರೋವಾಗ ಯೋಳ್ಬೇಕಿತ್ತು."

ಒಂದೆರಡು ಕಲ್ಲು ಹೆಕ್ಕಿ ಬಿಸಾಡಿದಳು.

"ಬಾ. ಊಟ ಮಾತ್ರ ನಾನು ಆಕ್ಸಲ್ಲ."

ಇವತ್ತೇ ವಿಚಾರಣೆ. ಸೊಸೆಗೆ ಹೇಳಿ ಚಿತ್ರಾನ್ನ ಕಟ್ಟಿಸಿದೆ, ಇಬ್ಬರಿಗಾಗುವಷ್ಟು. ಇಷ್ಟೊಂದು ಯಾರಿಗೆ ಮಾವ ಎಂದಳು. ಇಷ್ಟು ವರ್ಷ ಮನೆಯಲ್ಲಿ ಎತ್ತದ ಮುನಿಯಪ್ಪನ ಹೆಸರನ್ನು ಎತ್ತಿದೆ. ಈ ಮನೆಗೆ ಬರುವ ಪಿಂಚಣಿ ಯಾರದೆಂಬುದನ್ನೂ ಹೇಳಿದೆ. ಅವಳು ಒಲೆಯ ಕಡೆ ತಿರುಗಿಕೊಂಡಳು.

ರಾಜಮ್ಮ ಆ ಅನ್ನ ಮುಟ್ಟುವುದಿಲ್ಲ, ಗೊತ್ತು. ಬಾಟಲಿಗೆ ಬೆಳಗಿನ ಅದೇ ಬಿಂದಿಗೆಯ ನೀರು ತುಂಬಿಕೊಂಡು ಒಂದು ಗುಟುಕು ಕುಡಿದೆ. ಗಂಟಲು ಉರಿಯಿತು. ಇನ್ನೊಂದು ಗುಟುಕು ಕುಡಿದು ಚಪ್ಪಲಿ ಮೆಟ್ಟಿಕೊಂಡೆ.