ಆನಂದ ಸಂವತ್ಸರದ ಮಾಘ ಮಾಸ

1938ರಲ್ಲಿ ನಾನು ಕೋಲಾರದ ಕೋರ್ಟಿನಲ್ಲಿ ಟ್ರಾನ್ಸ್‌ಲೇಟರ್ ಆಗಿದ್ದೆ. ಮೈಸೂರಿನಲ್ಲಿ ಬಿ.ಎ. ಮುಗಿಸಿ ಆ ಹುದ್ದೆಗೆ ಸೇರಿ ಆರು ವರ್ಷವಾಗಿತ್ತು. ನಮ್ಮ ಸೀಮೆಯ ಸಾಕ್ಷಿಗಳು ಒಂದೇ ಉಸಿರಿನಲ್ಲಿ ಕನ್ನಡ ತೆಲುಗು ಎರಡನ್ನೂ ಆಡುತ್ತಾರೆ. ಅದನ್ನು ಇಂಗ್ಲಿಷಿಗೆ ತಿರುಗಿಸಿ ಹೇಳುವುದು ನನ್ನ ಕೆಲಸ. ಜಮೀನಿನ ವ್ಯಾಜ್ಯ, ಬಾವಿಯ ಪಾಲು, ದಾಯಾದಿ ಜಗಳ, ಇವೇ ದಿನವೂ ಬರುತ್ತಿದ್ದವು. ಆ ವರ್ಷದ ನವೆಂಬರಿನಲ್ಲಿ ಬಂದದ್ದೂ ದಾಯಾದಿ ಜಗಳವೇ. ಆದರೆ ದಾಯಾದಿಗಳು ಇಂಗ್ಲೆಂಡಿನ ಒಂದು ಲಾರ್ಡ್ ಮನೆತನದವರು.

ಆ ಮನೆತನದ ಹೆಸರನ್ನು ನಾನು ಬರೆಯುವುದಿಲ್ಲ. ಅದರ ಕಿರಿಯ ಮಗನೊಬ್ಬ ಚಿನ್ನದ ಗಣಿಗೆ ಎಂಜಿನಿಯರಾಗಿ ಬಂದವನು ಕೆಲಸ ಬಿಟ್ಟು ಶ್ರೀನಿವಾಸಪುರ ತಾಲ್ಲೂಕಿನ ಗೌನಿಪಲ್ಲಿಯ ಹತ್ತಿರ ಮಾವಿನ ತೋಪು ಹಾಕಿದ್ದ. ಊರವರು ಅವನನ್ನು ತೋಪಿನ ದೊರೆ ಎನ್ನುತ್ತಿದ್ದರು. 1914ರ ಮೇ ತಿಂಗಳ ಮೊದಲ ವಾರ ಅವನು ಸುಂದರಮ್ಮ ಎಂಬ ಅಲ್ಲಿನ ಹುಡುಗಿಯನ್ನು ಚರ್ಚಿನಲ್ಲಿ ಮದುವೆಯಾದ. ಚರ್ಚಿನ ರಿಜಿಸ್ಟರಿನಲ್ಲಿ ಮದುವೆಯ ತಾರೀಖು ಸ್ಪಷ್ಟವಾಗಿತ್ತು. ಒಬ್ಬನೇ ಮಗ ಹೆನ್ರಿ. ಅಮ್ಮನ ಬಾಯಲ್ಲಿ ಆನಂದು. ಶಾಲೆಗೆ ಕಳಿಸದೆ ದೊರೆಯೇ ಮನೆಯಲ್ಲಿ ಓದಿಸಿದ್ದ. ಮಗನಿಗೆ ಹನ್ನೆರಡಾಗುವಷ್ಟರಲ್ಲಿ ದೊರೆ ತೀರಿಕೊಂಡ.

ಹತ್ತು ವರ್ಷದ ಮೇಲೆ ಇಂಗ್ಲೆಂಡಿನಲ್ಲಿ ದೊರೆಯ ಅಣ್ಣ, ಅಂದರೆ ಆಗಿನ ಲಾರ್ಡ್, ಮಕ್ಕಳಿಲ್ಲದೆ ಸತ್ತ. ಬಿರುದು, ಅದಕ್ಕೆ ಕಟ್ಟುಬಿದ್ದ ಜಮೀನು, ಪಾರ್ಲಿಮೆಂಟಿನ ಮೇಲ್ಮನೆಯಲ್ಲಿ ಒಂದು ಕುರ್ಚಿ, ಮೂರೂ ಆನಂದುವಿಗೆ ಬರಬೇಕಿತ್ತು. ಸತ್ತ ಲಾರ್ಡ್ ಹಿಂದೂಸ್ಥಾನದವರಿಗೆ ಯಾವ ಅಧಿಕಾರವನ್ನೂ ಕೊಡಕೂಡದೆಂದು ಅದೇ ಕುರ್ಚಿಯಿಂದ ಭಾಷಣ ಮಾಡಿದ್ದವನು. ಅವನ ಚಿಕ್ಕಪ್ಪನ ಮಗನೂ ಅದೇ ಪಕ್ಷದವನು. ಅಲ್ಲಿ ತೋಪಿನ ಸುಂದರಮ್ಮನ ಮಗ ಕೂರುವುದನ್ನು ಅವನು ಸಹಿಸುವಂತಿರಲಿಲ್ಲ. ಮಗ ಮದುವೆಗೆ ಮುಂಚೆ ಹುಟ್ಟಿದವನು ಎಂದು ತಕರಾರು ಹಾಕಿದ. ಅವರ ಕಾನೂನಿನಲ್ಲಿ ಮದುವೆಗೆ ಮುಂಚೆ ಹುಟ್ಟಿದ ಮಗನಿಗೆ, ಆಮೇಲೆ ತಂದೆತಾಯಿ ಮದುವೆಯಾದರೂ, ಬಿರುದಿನ ಹಕ್ಕು ಇಲ್ಲ.

ಹುಟ್ಟಿದ ದಿನಕ್ಕೆ ಕಾಗದ ಇರಲಿಲ್ಲ. ಪಟೇಲರ ಜನನದ ಪುಸ್ತಕವನ್ನು ಗೆದ್ದಲು ತಿಂದಿತ್ತು. ಮನೆಯವರನ್ನು ಬಿಟ್ಟರೆ ಉಳಿದ ಸಾಕ್ಷಿ ಒಂದೇ, ಹೆರಿಗೆ ಮಾಡಿಸಿದ ಸೂಲಗಿತ್ತಿ ಗಂಗುಲಮ್ಮ. ಲಂಡನ್ನಿನ ಕೋರ್ಟು ಅವಳ ಹೇಳಿಕೆ ಪಡೆಯಲು ಕಮಿಷನ್ ಕಳಿಸಿತು. ಕಮಿಷನ್ ಎಂದರೆ, ಸಾಕ್ಷಿ ಕೋರ್ಟಿಗೆ ಹೋಗಲಾರದಿದ್ದಾಗ ಕೋರ್ಟಿನ ಪರವಾಗಿ ಒಬ್ಬರು ಸಾಕ್ಷಿಯ ಊರಿಗೇ ಬಂದು ಬರೆದುಕೊಳ್ಳುವುದು. ಕಮಿಷನರು ಬೆಂಗಳೂರು ದಂಡಿನ ಒಬ್ಬ ನಿವೃತ್ತ ಇಂಗ್ಲಿಷ್ ಅಧಿಕಾರಿ. ಎರಡೂ ಕಡೆಯ ಬ್ಯಾರಿಸ್ಟರುಗಳು ಮದ್ರಾಸಿನ ಇಂಗ್ಲಿಷರು. ಕೇಳಬೇಕಾದ ಪ್ರಶ್ನೆಗಳು ಲಂಡನ್ನಿನಿಂದಲೇ ಬರೆದು ಬಂದಿದ್ದವು. ಅವನ್ನು ಬಿಟ್ಟು ಬೇರೆ ಕೇಳುವಂತಿಲ್ಲ. ಆ ಕೋಣೆಯಲ್ಲಿ ಎರಡೂ ಕಡೆಯ ಭಾಷೆ ಬಲ್ಲವನು ನಾನೊಬ್ಬನೇ.

ವಿಚಾರಣೆಗೆ ಮುಂಚೆ ವರಾಂಡದಲ್ಲಿ ಆನಂದು ನನ್ನ ಹತ್ತಿರ ಬಂದ. ಬಣ್ಣ ಅಪ್ಪನದು, ಮಾತು ಗೌನಿಪಲ್ಲಿಯದು. “ನಾನು ಹೋಗಿ ಆ ಸಭೇಲಿ ಕೂತ್ಕೊಂಡ್ರೆ ಅವರೆಲ್ಲ ಎದ್ದು ಹೊಂಟೋಗ್ತಾರೆ ಸಾರ್. ನಂಗೆ ಆ ಕುರ್ಚಿ ಬೇಕಾಗಿಲ್ಲ. ನಮ್ಮಮ್ಮನ ಬಗ್ಗೆ ಅವರು ಬರೆದಿರೋ ಮಾತು ಮಾತ್ರ ಅಳಿಸ್ಬೇಕು, ಅಷ್ಟೇ” ಎಂದ. ಅವನೂ ತಾಯಿಯೂ ಸಾಕ್ಷಿಗಳಾದ್ದರಿಂದ ಇಬ್ಬರನ್ನೂ ಹೊರಗೆ ಕೂರಿಸಿದರು.

ಗಂಗುಲಮ್ಮ ಎಪ್ಪತ್ತು ದಾಟಿದವಳು. ಎಷ್ಟು ಹೆರಿಗೆ ಮಾಡಿಸಿದ್ದೀ ಎಂಬ ಪ್ರಶ್ನೆಗೆ ನನ್ನನ್ನೇ ನೋಡಿ, “ಎವರಿಕಿ ತೆಲುಸು ಸಾಮಿ? ನಿನ್ನೂ ನೇನೇ ಪಟ್ಟಿಂಟಾನೇಮೋ!” ಎಂದಳು. ಯಾರಿಗೆ ಗೊತ್ತು, ನಿನ್ನನ್ನೂ ನಾನೇ ಹಿಡಿದಿರಬಹುದು ಎಂದು. ನಾನು ಇಂಗ್ಲಿಷಿನಲ್ಲಿ ಹೇಳಿದಾಗ ಕಮಿಷನರೂ ನಕ್ಕರು. ಅದಾದ ಮೇಲೆ ಆ ಪ್ರಶ್ನೆ ಬಂತು: ಮಗು ಹುಟ್ಟಿದ್ದು ಯಾವಾಗ?

“ಆನಂದ ನಾಮ ಸಂವತ್ಸರಂ, ಮಾಘ ಮಾಸಂ ಸಾಮಿ. ಅಪ್ಪುಡೇ ಮಾವಿಡಿ ಪೂತ ಒಚ್ಚಿಂದಿ.” ಮಾವು ಆಗತಾನೆ ಹೂ ಬಿಟ್ಟಿತ್ತಂತೆ.

ನಮ್ಮ ಆಫೀಸಿನಲ್ಲಿ ಸಂವತ್ಸರಗಳ ಒಂದು ಪಟ್ಟಿ ಇತ್ತು. ನನಗಿಂತ ಹಿಂದಿನವರು ಬರೆದು ಮೇಜಿನ ಡ್ರಾಯರಿನೊಳಗೆ ಅಂಟಿಸಿದ್ದು. ಪ್ರತಿ ಸಂವತ್ಸರದ ಮುಂದೆ ಒಂದೇ ಇಂಗ್ಲಿಷ್ ಇಸವಿ. ಹಳೆಯ ಪತ್ರಗಳಿಗೆ ಅಷ್ಟು ಸಾಕಾಗುತ್ತಿತ್ತು. ತಿಂಗಳನ್ನು ಯಾರೂ ಕೆದಕುತ್ತಿರಲಿಲ್ಲ. ಆರು ವರ್ಷದಲ್ಲಿ ಅದು ನನಗೆ ಬಾಯಿಪಾಠವಾಗಿತ್ತು. ಆನಂದ, 1914. ಮಾಘ ಎಂದರೆ ಫೆಬ್ರವರಿ.

“ಫೆಬ್ರವರಿ 1914” ಎಂದೆ.

ಆನಂದುವಿನ ಬ್ಯಾರಿಸ್ಟರ್ ಕುರ್ಚಿಯಿಂದ ಅರ್ಧ ಎದ್ದರು. ಅವರ ಅರ್ಜಿಯಲ್ಲಿ ಇದ್ದದ್ದು 1915. ಇನ್ನೊಮ್ಮೆ ಕೇಳಿ ಎಂದರು. ಕೇಳಿದೆ. ಮುದುಕಿ ಅದನ್ನೇ ಹೇಳಿದಳು. ನಾನೂ ಅದನ್ನೇ ಹೇಳಿದೆ. ಅವರು ಕೂತುಬಿಟ್ಟರು. ಎದುರಿನ ಬ್ಯಾರಿಸ್ಟರ್ ಪೆನ್ನಿನ ಮುಚ್ಚಳ ಹಾಕಿ ಜೇಬಿಗಿಟ್ಟುಕೊಂಡರು.

ಹೇಳಿಕೆ ಮುಗಿದ ಮೇಲೆ ಅದನ್ನು ಸಾಕ್ಷಿಗೆ ಅವಳ ಭಾಷೆಯಲ್ಲಿ ಓದಿ ಹೇಳಿ ಹೆಬ್ಬೆಟ್ಟು ಹಾಕಿಸಬೇಕು. ಇಂಥ ತಪ್ಪುಗಳನ್ನು ಹಿಡಿಯುವುದಕ್ಕೇ ಆ ಕ್ರಮ ಇರುವುದು. ಕಾಗದದಲ್ಲಿ ಇದ್ದದ್ದು ಫೆಬ್ರವರಿ 1914. ಮುದುಕಿಗೆ ಇಂಗ್ಲಿಷ್ ಇಸವಿ ಏನು ಗೊತ್ತು ಎಂದುಕೊಂಡು ನಾನು ಓದಿದ್ದು ‘ಆನಂದ ಸಂವತ್ಸರ, ಮಾಘ ಮಾಸ’. “ಅವುನು ಸಾಮಿ, ಅಂತೇ”, ಹೌದು, ಹಾಗೇ, ಎಂದು ಅವಳು ಹೆಬ್ಬೆಟ್ಟು ಒತ್ತಿದಳು.

ಹೊರಗೆ ಬ್ಯಾರಿಸ್ಟರ್ ಆನಂದುವಿಗೆ ಇಂಗ್ಲಿಷಿನಲ್ಲಿ, ಸೂಲಗಿತ್ತಿ ಮದುವೆಗೆ ಮುಂಚಿನ ತಾರೀಖು ಹೇಳಿದ್ದಾಳೆ, ನೀವು ನನಗೆ ನಿಜ ಹೇಳಲಿಲ್ಲ ಎಂದರು. ಆನಂದು ಬೆಂಚಿನ ಮೇಲೆ ಕೂತಿದ್ದ ತಾಯಿಯ ಕಡೆ ತಿರುಗಿದ. ಅಂಥ ನೋಟವನ್ನು ನಾನು ಬೇರೆ ಯಾವ ಮಗನ ಕಣ್ಣಿನಲ್ಲೂ ಕಂಡಿಲ್ಲ. “ಏನಂತೆ ಕಣೋ?” ಎಂದು ಅವಳು ಕೇಳುತ್ತಿದ್ದಳು. ಅವನು ಬಸ್ಸಿನ ಕಡೆ ನಡೆದ.

1939ರ ಜನವರಿಯಲ್ಲಿ ನನ್ನ ತಮ್ಮನಿಗೆ ಒಂದು ಕೆಲಸದ ಅರ್ಜಿ ತುಂಬುತ್ತಿದ್ದೆ. ಜಾತಕದಲ್ಲಿ ಆನಂದ ಸಂವತ್ಸರ, ಫಾಲ್ಗುಣ ಎಂದಿತ್ತು. ಮಾರ್ಚ್ 1914 ಎಂದು ಬರೆದೆ. ಅಪ್ಪ ಕನ್ನಡಕ ಏರಿಸಿ ನೋಡಿದರು.

“ಹದಿನೈದು ಕಣೋ. ಬಿ.ಎ. ಓದಿದೀಯ, ಸಂವತ್ಸರ ಜನವರೀಲಿ ಹುಟ್ಟುತ್ತೇನೋ? ಯುಗಾದೀಲಿ ಅಲ್ವೇನೋ? ಯುಗಾದಿಗೆ ಹದಿನಾಲ್ಕು ಇದ್ದಿದ್ದು, ಮಾಘ ಫಾಲ್ಗುಣಕ್ಕೆ ಹದಿನೈದಾಗಿರುತ್ತೆ.”

ಮೇನಲ್ಲಿ ಮದುವೆ, ಫೆಬ್ರವರಿಯಲ್ಲಿ ಮಗು. ಸರಿಯಾಗಿ ಒಂಬತ್ತು ತಿಂಗಳು. ಮುದುಕಿ ನಿಜವನ್ನೇ ಹೇಳಿದ್ದಳು.

ಆ ದಿನವೇ ಜಡ್ಜಿ ಸಾಹೇಬರ ಹತ್ತಿರ ಹೋಗಬೇಕಿತ್ತು. ಹೋಗಲಿಲ್ಲ. ಕೆಲಸ ಹೋದೀತು, ಲಂಚ ತಿಂದು ಈಗ ಮಾತು ಬದಲಾಯಿಸಿದ ಎಂದಾರು, ಜೈಲೂ ಆದೀತು ಎಂಬ ಭಯ. ಕೋರ್ಟಿಗೆ ಹೋಗಿ ಬಂದೆ, ಊಟ ಮಾಡಿದೆ, ತಮ್ಮನ ಅರ್ಜಿಯನ್ನು ತಿದ್ದಿ ಕಳಿಸಿದೆ. ಹೀಗೆ ಆರು ದಿನ. ಏಳನೆಯ ದಿನ ಜಡ್ಜಿಯವರ ಎದುರು ನಿಂತು ಎಲ್ಲವನ್ನೂ ಹೇಳಿದೆ. “ಮೊದಲು ಆ ಹೆಂಗಸನ್ನ ಕರ್ಕೊಂಡು ಬನ್ನಿ, ಇನ್ನೊಮ್ಮೆ ಬರ್ಕೊಳ್ಳೋಣ” ಎಂದರು.

ಅಂದೇ ಬಸ್ಸಿನಲ್ಲಿ ಶ್ರೀನಿವಾಸಪುರಕ್ಕೆ, ಅಲ್ಲಿಂದ ಗೌನಿಪಲ್ಲಿಗೆ ಹೋದೆ. ದಾರಿಯುದ್ದಕ್ಕೂ ಮಾವು ಹೂ ಬಿಟ್ಟಿತ್ತು. ಗಂಗುಲಮ್ಮನ ಮನೆಯ ಮುಂದೆ ಅವಳ ಸೊಸೆ ರಾಗಿ ಕೇರುತ್ತಿದ್ದಳು. “ಅತ್ತೆ ಹೋಗಿ ಮೂರು ದಿನ ಆಯ್ತು ಸಾಮಿ. ಚಳಿಜ್ವರ” ಎಂದಳು. ಲೆಕ್ಕ ಹಾಕಿದೆ. ನನಗೆ ತಪ್ಪು ಗೊತ್ತಾದ ಮೇಲೂ ಅವಳು ಮೂರು ದಿನ ಬದುಕಿದ್ದಳು.

ಅಲ್ಲಿಂದ ತೋಪಿಗೆ ಹೋಗಿ ತಾಯಿ ಮಗ ಇಬ್ಬರಿಗೂ ಹೇಳಿದೆ. ಆನಂದು ನನ್ನ ಮೇಲೆ ಕೈ ಮಾಡುತ್ತಾನೆ ಎಂದುಕೊಂಡಿದ್ದೆ. ಅವನು ಹೋಗಿ ತಾಯಿಯ ಕಾಲ ಬಳಿ ಕುಕ್ಕರಿಸಿದ. ಎರಡು ತಿಂಗಳಿಂದ ಅವಳ ಜೊತೆ ಮಾತು ಬಿಟ್ಟಿದ್ದನಂತೆ. “ಏಳೋ, ಏಳು. ನೀನೂ ನಂಬಿಬಿಟ್ಟೆ ಅಲ್ಲೇನೋ” ಎಂದಳು ಸುಂದರಮ್ಮ.

ನಾನು ಕೊಟ್ಟ ಅಫಿಡವಿಟ್, ಅಂದರೆ ಪ್ರಮಾಣಪತ್ರ, ಲಂಡನ್ನಿಗೆ ಹೋಯಿತು. ಸಾಕ್ಷಿಗೆ ಅವಳ ಭಾಷೆಯಲ್ಲೇ ಓದಿ ಹೇಳಿದ್ದಾರೆ, ಅವಳು ಒಪ್ಪಿ ಹೆಬ್ಬೆಟ್ಟು ಹಾಕಿದ್ದಾಳೆ, ಅವಳು ಸತ್ತ ಮೇಲೆ ಅದೇ ಸೀಮೆಯ ಭಾಷಾಂತರಕಾರ ಬೇರೆ ಕಥೆ ಹೇಳುತ್ತಿದ್ದಾನೆ ಎಂದು ಅದನ್ನು ತಳ್ಳಿಹಾಕಿದರು. ಬಿರುದು ಚಿಕ್ಕಪ್ಪನ ಮಗನಿಗೆ ಹೋಯಿತು. ನನ್ನ ಮೇಲೆ ವಿಚಾರಣೆ ನಡೆದು ಎರಡು ವರ್ಷದ ಬಡ್ತಿ ನಿಂತಿತು. ಯಾವ ಶಿಕ್ಷೆಗೆ ಹೆದರಿ ಕೂತಿದ್ದೆನೋ ಅದು ಕೊನೆಗೆ ಅಷ್ಟೇ ಆಗಿತ್ತು.

ಯುದ್ಧ ಶುರುವಾಗಿ ಆನಂದು 1940ರಲ್ಲಿ ಸೈನ್ಯಕ್ಕೆ ಸೇರಿದ. ತೋಪಿನ ಕಡೆ ಜನ ತಾಯಿಯ ಬಗ್ಗೆ ಆಡುತ್ತಿದ್ದ ಮಾತು ಅವನಿಗೆ ಸಹಿಸಲಾಗುತ್ತಿರಲಿಲ್ಲ ಎಂದು ಕೇಳಿದೆ.

1943ರ ಮಳೆಗಾಲದಲ್ಲಿ ಸುಂದರಮ್ಮ ಕೋರ್ಟಿಗೆ ಬಂದು ನನ್ನ ಮೇಜಿನ ಮೇಲೆ ಒಂದು ಕಾಗದ ಇಟ್ಟಳು. “ಓದಿ ಹೇಳಿ ಸಾಮಿ. ಪೋಸ್ಟಿನವನು ಅರ್ಧ ಓದಿ ನಿಲ್ಲಿಸಿಬಿಟ್ಟ.” ಬರ್ಮಾ ಗಡಿಯಿಂದ ಬಂದದ್ದು. ನಾನು ಒಂದೊಂದೇ ಸಾಲು ಓದಿದೆ. ಹೆಸರು, ದಳ, ಸತ್ತ ದಿನ. ಆಮೇಲೆ ವಯಸ್ಸು.

“ಇಪ್ಪತ್ತೊಂಬತ್ತು” ಎಂದೆ.

“ಇಪ್ಪತ್ತೆಂಟು ಸಾಮಿ.”

“ಕಾಗದದಲ್ಲಿ ಇಪ್ಪತ್ತೊಂಬತ್ತು ಅಂತ ಇದೆ ಅಮ್ಮ.” ಅವನು ಹುಟ್ಟಿದ ದಿನಕ್ಕೆ ಮೊಹರು ಬಿದ್ದ ಕಾಗದ ಒಂದೇ ಇದ್ದದ್ದು, ನಾನು ಭಾಷಾಂತರಿಸಿದ ಆ ಹೇಳಿಕೆ. ಸೈನ್ಯದವರೂ ಅದನ್ನೇ ಕೇಳಿ ಬರೆದುಕೊಂಡಿದ್ದರು.

ಅವಳು ಕಾಗದವನ್ನು ಮಡಿಸಿ ಸೆರಗಿಗೆ ಗಂಟು ಹಾಕಿಕೊಂಡಳು. “ಹಂಗಾದ್ರೆ ಆ ಇನ್ನೊಂದು ವರ್ಷ ಅವನು ಎಲ್ಲಿದ್ದ ಸಾಮಿ?” ಎಂದಳು. ನಿಜವಾಗಿ ಕೇಳುತ್ತಿದ್ದಾಳೆ ಎಂಬಂತೆ ನನ್ನ ಮುಖ ನೋಡಿ, ಆಮೇಲೆ ಎದ್ದು ಹೋದಳು.

ನಿವೃತ್ತನಾಗುವವರೆಗೂ ನಾನು ಸಾಕ್ಷಿ ಹೇಳಿದ ಮಾತನ್ನು ಹೇಳಿದ ಹಾಗೇ ಬರೆಸಿ, ಪಕ್ಕದಲ್ಲಿ ಇಂಗ್ಲಿಷ್ ತಾರೀಖು ಬರೆಸುತ್ತಿದ್ದೆ. ಓದಿ ಹೇಳುವ ಕೆಲಸವನ್ನು ಇನ್ನೊಬ್ಬನಿಗೆ ಕೊಡುತ್ತಿದ್ದೆ. ಕೈಕೆಳಗೆ ಬಂದವರಿಗೆಲ್ಲ, ಕಾಗದದಲ್ಲಿ ಇರುವುದನ್ನೇ ಓದಿ, ತಪ್ಪು ಕಂಡ ದಿನವೇ ಹೇಳಿ ಎಂದು ಕಲಿಸಿದೆ. ನನಗಿಂತ ಚೆನ್ನಾಗಿ ಕಲಿತರು. ಡ್ರಾಯರಿನ ಪಟ್ಟಿಯನ್ನು ಹರಿದು ಹಾಕಿದ್ದೇನೆ. ಆದರೂ ಮಾವು ಹೂ ಬಿಟ್ಟಾಗ, ಆ ಆರು ದಿನಗಳನ್ನು ಮೊದಲನೆಯ ದಿನದ ಬೆಳಗಿನಿಂದ ಶುರುಮಾಡಿ ಮತ್ತೆ ಎಣಿಸುತ್ತೇನೆ.