ಭಾಗ್ಯಳ ಎಡಗೈ ಮತ್ತು ನಾನಾಡಿದ ಮಾತು

ಅದು ೧೯೯೪. ಆಗ ನಾನು ಪಾಂಡವಪುರದ ನಮ್ಮ ಮನೆಯಿಂದ ದಿನಾ ಬಸ್ಸಿನಲ್ಲಿ ಚಿನಕುರಳಿಗೆ ಹೋಗಿ, ಅಲ್ಲಿಂದ ಒಂದೂವರೆ ಮೈಲಿ ನಡೆದು ಒಂದು ಸಣ್ಣ ಊರಿನ ಶಾಲೆಯಲ್ಲಿ ಪಾಠ ಮಾಡುತ್ತಿದ್ದೆ. ಒಂದರಿಂದ ನಾಲ್ಕನೇ ತರಗತಿವರೆಗಿನ ಮಕ್ಕಳೆಲ್ಲ ಒಂದೇ ಕೋಣೆಯಲ್ಲಿ. ಇಬ್ಬರು ಶಿಕ್ಷಕರ ಶಾಲೆ ಎಂದು ಹೆಸರೇ ಹೊರತು, ಇನ್ನೊಬ್ಬರನ್ನು ಬೇರೆ ಊರಿಗೆ ಹಾಕಿದ್ದರಿಂದ ಇದ್ದವಳು ನಾನೊಬ್ಬಳೇ. ನನಗೆ ಆಗ ನಲವತ್ತೊಂದು ವರ್ಷ, ನೌಕರಿಗೆ ಸೇರಿ ಹದಿನೇಳು. ಮಕ್ಕಳ ವಿಷಯದಲ್ಲಿ ನನಗೆ ತಿಳಿಯದ್ದು ಹೆಚ್ಚೇನಿಲ್ಲ ಎಂದುಕೊಂಡಿದ್ದೆ.

ಆ ಜೂನ್‌ನಲ್ಲಿ ಒಂದನೇ ತರಗತಿಗೆ ಭಾಗ್ಯ ಎಂಬ ಹುಡುಗಿ ಸೇರಿದಳು. ತಂದೆ ಕಲ್ಲು ಕ್ವಾರಿಯಲ್ಲಿ ಕೆಲಸಕ್ಕೆ ಹೋಗುತ್ತಿದ್ದ, ತಾಯಿ ಗದ್ದೆ ಕೂಲಿಗೆ. ಮಗುವನ್ನು ನೋಡಿಕೊಳ್ಳುತ್ತಿದ್ದವಳು ತಂದೆಯ ತಾಯಿ ಚಿಕ್ಕತಾಯಮ್ಮ. ಹುಡುಗಿ ಬಲು ಮಾತಿನವಳು. ಮೊದಲ ವಾರವೇ ನನ್ನನ್ನು, “ಮಿಸ್ಸು, ನಿಮ್ ಸೀರೆ ನೆನ್ನೇದೇಯಾ?” ಎಂದು ಕೇಳಿದ್ದಳು. ಆದರೆ ಬಳಪ ಹಿಡಿಯುತ್ತಿದ್ದುದು ಎಡಗೈಯಲ್ಲಿ. ನಾನು ಎರಡು ದಿನ ಬಳಪವನ್ನು ಬಲಗೈಗೆ ದಾಟಿಸಿದೆ. ಮೂರನೆಯ ದಿನ ಅಡಿಕೋಲಿನಿಂದ ಎಡಗೈ ಬೆರಳ ಮೇಲೆ ಸಣ್ಣಗೆ ಹೊಡೆದೆ. ಅದೇ ಸಂಜೆ ನಲ್ಲಿಯ ಹತ್ತಿರ ಚಿಕ್ಕತಾಯಮ್ಮ ಸಿಕ್ಕಾಗ, “ನಿಮ್ಮ ಮೊಮ್ಮಗಳಿಗೆ ಎಡಗೈ ಚಾಳಿ ಇದೆ. ಈಗಲೇ ಬಿಡಿಸಿ, ಬಲಿತ ಮೇಲೆ ಆಗಲ್ಲ” ಎಂದು ಹೇಳಿ ಬಸ್ಸಿಗೆ ಹೊತ್ತಾಯಿತೆಂದು ನಡೆದುಬಿಟ್ಟೆ. ಆ ಮಾತಾಡಲು ಅರ್ಧ ನಿಮಿಷವೂ ಹಿಡಿದಿರಲಿಲ್ಲ.

ಮರುವಾರ ಭಾಗ್ಯ ಬಂದಾಗ ಅವಳ ಎಡಗೈ ಮಣಿಕಟ್ಟಿಗೆ ಹಳೆಯ ಸೀರೆಯ ಅಂಚನ್ನು ಸುತ್ತಿ, ಸೊಂಟದ ಉಡಿದಾರಕ್ಕೆ ಬಿಗಿದಿದ್ದರು. ಕೈ ಆಡುತ್ತಿತ್ತು, ಆದರೆ ಹಲಗೆಯವರೆಗೆ ಎಟುಕುತ್ತಿರಲಿಲ್ಲ. ಹೇಳಬಾರದು, ನನಗೆ ಆಗ ಸಮಾಧಾನವೇ ಆಯಿತು. ಹೇಳಿದ್ದನ್ನು ಕೇಳುವ ಮನೆಯವರು ಎಷ್ಟು ಜನ ಸಿಗುತ್ತಾರೆ? ಹುಡುಗಿ ದಿನೇ ದಿನೇ ಮೆತ್ತಗಾದಳು. ಹಾಜರಿ ಕೂಗಿದರೆ ಸುಮ್ಮನೆ ಎದ್ದು ನಿಂತು ಕೂರುತ್ತಿದ್ದಳು. ಶಿಸ್ತು ಬಂತು ಎಂದುಕೊಂಡೆ.

ಆಗಸ್ಟ್ ಕೊನೆಗೆ, ಮಳೆ ಹನಿಯುತ್ತಿದ್ದ ಒಂದು ಬೆಳಿಗ್ಗೆ, ಬಸ್ಸಿಳಿಯುವಾಗ ಕಾಲು ಜಾರಿ ಬಲಗೈ ಊರಿಕೊಂಡು ಬಿದ್ದೆ. ಮಣಿಕಟ್ಟಿನ ಮೇಲೆ ಮೂಳೆ ಮುರಿದಿತ್ತು. ಆರು ವಾರ ಕಟ್ಟು ಬಿಚ್ಚುವಂತಿಲ್ಲ ಎಂದರು. ರಜೆ ಹಾಕಿದರೆ ಶಾಲೆಗೆ ಬೀಗ ಬೀಳುತ್ತದೆಂದು ಐದನೆಯ ದಿನಕ್ಕೇ ಕೆಲಸಕ್ಕೆ ಹೋದೆ.

ಮನೆಯಲ್ಲಿ ನನ್ನ ಕಷ್ಟ ಬೇರೆ. ಜಡೆ ಹಾಕುವುದು ಮಗಳು, ರವಿಕೆ ಗುಂಡಿ ಹಾಕುವುದು ಅತ್ತೆ. ಅನ್ನವನ್ನಾದರೆ ಚಮಚದಲ್ಲಿ ಹೇಗೋ ತಿನ್ನುತ್ತಿದ್ದೆ. ಮುದ್ದೆಯನ್ನು ಚಮಚದಲ್ಲಿ ತಿನ್ನುವುದು ಹೇಗೆ? ಎಡಗೈ ಹಾಕಲು ಹೋದರೆ ಎಪ್ಪತ್ತರ ನಮ್ಮತ್ತೆ, “ತೆಗಿ ಆ ಕೈಯ, ಅನ್ನಪೂರ್ಣೆ ಎದ್ದೋಯ್ತಾಳೆ” ಎಂದು ತಾವೇ ಮುರಿದು, ಸಾರಿನಲ್ಲಿ ಅದ್ದಿ ಬಾಯಿಗಿಡುತ್ತಿದ್ದರು. ತುತ್ತು ದೊಡ್ಡದಾಯಿತು ಎನ್ನುವಂತಿಲ್ಲ, ಸಾಕು ಎಂದರೆ ಕೇಳುವಂತಿಲ್ಲ. ಪ್ರೀತಿಯಿಂದಲೇ ಉಣಿಸುತ್ತಿದ್ದರು. ಆದರೂ ವಾರ ಕಳೆಯುವುದರೊಳಗೆ ನಾನು ಮನೆಯಲ್ಲಿ ಮಾತಾಡುವುದೇ ಕಡಿಮೆಯಾಯಿತು. ಬೇಕು, ಬೇಡ ಎನ್ನುವುದನ್ನು ಇನ್ನೊಬ್ಬರ ಕೈಗೆ ಕೊಟ್ಟಮೇಲೆ ಆಡಲು ಮಾತು ಉಳಿಯುವುದಿಲ್ಲ.

ಶಾಲೆಯಲ್ಲಿ ಎಡಗೈಯಲ್ಲಿ ಸೀಮೆಸುಣ್ಣ ಹಿಡಿದೆ. ‘ಅ’ ಬರೆದರೆ ಅದು ಮಗುಚಿಬಿದ್ದ ಆಮೆಯ ಹಾಗೆ ಬಂತು. ಮಕ್ಕಳೆಲ್ಲ ನಕ್ಕರು, ನಾನೂ ನಕ್ಕೆ. ಮಧ್ಯಾಹ್ನ ಮೇಜಿನ ಮೇಲೆ ಹಾಜರಿ ಪುಸ್ತಕ ಇಟ್ಟುಕೊಂಡು ಒದ್ದಾಡುತ್ತಿದ್ದೆ. ಬರೆದುದರ ಮೇಲೆಯೇ ಕೈ ಉಜ್ಜಿ ಶಾಯಿ ಹರಡುತ್ತಿತ್ತು. ಆಗ ಭಾಗ್ಯ ಮೆಲ್ಲಗೆ ಬಂದಳು. ಏನೂ ಹೇಳದೆ, ಕಟ್ಟದೆ ಬಿಟ್ಟಿದ್ದ ಬಲಗೈಯಿಂದ ಪುಸ್ತಕವನ್ನು ಸ್ವಲ್ಪ ಓರೆಯಾಗಿ ತಿರುಗಿಸಿದಳು. ಬರೆದು ನೋಡಿದೆ. ಸಾಲು ನೆಟ್ಟಗೆ ಬಂತು, ಶಾಯಿಯೂ ಹರಡಲಿಲ್ಲ.

“ಇದು ನಿನಗೆ ಹೇಗೆ ಗೊತ್ತೇ?” ಎಂದೆ.

ಅವಳು ಬಾಯಿ ತೆರೆದಳು. “ನಾ... ನಾ... ನಾ...” ಮುಂದಕ್ಕೆ ಬರಲಿಲ್ಲ. ಕತ್ತಿನ ನರ ಉಬ್ಬಿತು, ಕಣ್ಣಲ್ಲಿ ನೀರು ತುಂಬಿತು. ಹೇಳುವುದನ್ನು ಅಲ್ಲಿಗೇ ಬಿಟ್ಟು ತನ್ನ ಜಾಗಕ್ಕೆ ಹೋಗಿ ಕೂತಳು.

ಜೂನ್‌ನಲ್ಲಿ ನನ್ನ ಸೀರೆಯ ಲೆಕ್ಕ ಕೇಳಿದ್ದ ಹುಡುಗಿ ಇವಳು. ಕೈಗೂ ಮಾತಿಗೂ ಏನು ನಂಟೋ ನಾನರಿಯೆ, ನಾನು ವೈದ್ಯಳಲ್ಲ. ಆದರೆ ಕೈ ಕಟ್ಟಿದ ಮೇಲೆ ಮಾತು ಹೋಯಿತು ಎನ್ನುವುದು ಕಣ್ಣೆದುರಿಗೇ ಇತ್ತು, ಕಟ್ಟಿಸಿದವಳು ನಾನೇ ಎನ್ನುವುದೂ ಇತ್ತು. ಈ ಕೈಯನ್ನು ಬಿಡಿಸದೆ ಬಿಡಬಾರದೆಂದು ಅವತ್ತೇ ನಿಶ್ಚಯಿಸಿದೆ.

ಮರುದಿನ ಶಾಲೆಯಲ್ಲಿ ಅವಳ ಕಟ್ಟು ಬಿಚ್ಚಿದೆ. ಅವಳು ಹೆದರಿ ಕೈಯನ್ನು ಬೆನ್ನ ಹಿಂದೆ ಇಟ್ಟುಕೊಂಡಳು. ಸಂಜೆ ಮನೆಗೆ ಹೊರಡುವಾಗ, ಅಜ್ಜಿಗೆ ತಿಳಿಯದಿರಲೆಂದು, ಮೂರನೇ ತರಗತಿಯ ಹುಡುಗಿಯೊಬ್ಬಳಿಂದ ಮತ್ತೆ ಕಟ್ಟಿಸಿ ಕಳಿಸಿದೆ. ಅಲ್ಲಿಯೇ ನಾನು ಎಡವಿದ್ದು. ನಲ್ವತ್ತು ವರ್ಷ ಹೊರೆ ಕಟ್ಟಿದ ಚಿಕ್ಕತಾಯಮ್ಮನಿಗೆ ತನ್ನ ಗಂಟು ಯಾವುದು, ಪರರ ಗಂಟು ಯಾವುದು ಎಂದು ತಿಳಿಯುವುದಿಲ್ಲವೇ? ಮಾರನೆಯ ದಿನದಿಂದ ಭಾಗ್ಯ ಶಾಲೆಗೇ ಬರಲಿಲ್ಲ. ಕೇಳಿದರೆ ಮಕ್ಕಳು, “ಅವ್ಳ್ ಇನ್ನ್ ಬರಾಕಿಲ್ವಂತೆ ಮಿಸ್ಸು. ದನ ಮೇಯಿಸ್ಕಂಡ್ ಇರ್ಲಿ ಅಂತು ಅವ್ರಜ್ಜಿ” ಎಂದರು.

ಎಂಟು ದಿನ ಕಾದೆ. ಅಷ್ಟರಲ್ಲಿ ಪಿತೃಪಕ್ಷ ಬಂತು. ನಮ್ಮ ಕಡೆ ಅದು ದೊಡ್ಡ ಹಬ್ಬ. ತೀರಿಕೊಂಡ ಹಿರಿಯರಿಗೆ ಹೊಸ ಬಟ್ಟೆ ಇಟ್ಟು, ಅವರು ಇಷ್ಟಪಡುತ್ತಿದ್ದ ಅಡುಗೆ ಬಡಿಸಿ, ಆಮೇಲೆ ನೆಂಟರಿಷ್ಟರು ಪಂಕ್ತಿ ಕೂರುತ್ತಾರೆ. ಅವತ್ತು ಬಾಗಿಲಿಗೆ ಬಂದವರನ್ನು ಉಣ್ಣಿಸದೆ ಕಳಿಸುವಂತಿಲ್ಲ, ಶತ್ರುವಾದರೂ ಸರಿ. ಚಿಕ್ಕತಾಯಮ್ಮನ ಮನೆಯಲ್ಲಿ ಹಬ್ಬ ಮಾಡುವ ದಿನ ವಿಚಾರಿಸಿಕೊಂಡು, ಶಾಲೆ ಬಿಟ್ಟ ಮೇಲೆ ಕರೆಯದೇ ಹೋದೆ. ಹೋಗುವಾಗ ನನಗಿದ್ದ ಯೋಚನೆ ಇಷ್ಟೇ: ಅವತ್ತು ಅವಳು ನನ್ನನ್ನು ಹೊರಕ್ಕೆ ಕಳಿಸಲಾರಳು.

ಹೊಸಿಲಲ್ಲಿ ನನ್ನನ್ನು ಕಂಡು ಅವಳ ಮುಖ ಗಂಟಾಯಿತು. ಆದರೂ, “ಬಂದ್ರಾ, ಬನ್ನಿ, ಕೈಕಾಲ್ ತೊಳ್ಕಳಿ” ಎಂದು ಚೊಂಬು ಕೊಟ್ಟಳು. ನಡುಮನೆಯಲ್ಲಿ ಹತ್ತು ಹನ್ನೆರಡು ಜನ ಕೂತಿದ್ದರು. ಎಲೆಯ ಮೇಲೆ ಮುದ್ದೆ ಇಟ್ಟು ಸಾರು ಬಿಟ್ಟರು. ಕಂಬದ ಪಕ್ಕ ಭಾಗ್ಯ ನಿಂತಿದ್ದಳು, ಕೈ ಹಾಗೇ ಉಡಿದಾರಕ್ಕೆ ಕಟ್ಟಿತ್ತು. ಮನೆಯ ಸೊಸೆ, ಅಂದರೆ ಭಾಗ್ಯಳ ತಾಯಿ, ನನ್ನ ಕೈಯ ಕಟ್ಟು ನೋಡಿ ಗಾಬರಿಯಾದಳು. “ಅತ್ತೆ, ಇವ್ರು ಎಂಗ್ ಉಂಡಾರು?”

“ನಾ ಉಣ್ಣುಸ್ತೀನಿ ಬುಡು” ಎಂದು ಚಿಕ್ಕತಾಯಮ್ಮ ಪಕ್ಕಕ್ಕೆ ಬಂದು ಕೂರಹೊರಟಳು.

“ಬೇಡಿ ಚಿಕ್ಕತಾಯಮ್ಮ. ನನ್ನ ಬಲಗೈ ಕಟ್ಟಿದೆ. ಈ ಕೈಯಲ್ಲೇ ಉಣ್ತೀನಿ” ಎಂದೆ.

ಎದುರಿಗೆ ಕೂತಿದ್ದ ನೆಂಟ ಬೋರೇಗೌಡ ತುತ್ತು ಹಿಡಿದವನು ಹಾಗೇ ನೋಡಿದ. “ಏನ್ ಮೇಷ್ಟ್ರಮ್ಮ, ಕೂಸಿಗೆ ಎಡಗೈ ಬ್ಯಾಡ ಅಂತೀರಿ, ನೀವ್ ಹಿರೀಕರ ದಿನ್ದಾಗೆ ಎಡಗೈಲಿ ಉಣ್ತೀರಿ. ಬಲ್ ಚೆನ್ನಾಗದೆ ಕಣ್ಲಾ ಇಸ್ಕೂಲ್ ಪಾಠ” ಎಂದು ಪಕ್ಕದವನನ್ನು ತಿವಿದ. ಒಂದಿಬ್ಬರು ನಕ್ಕರು.

“ನಮ್ಮನೇಲಿ ಅಂಗೆ ಉಣ್ಣಂಗಿಲ್ಲ” ಎಂದಳು ಚಿಕ್ಕತಾಯಮ್ಮ.

“ಹಾಗಾದರೆ ಉಣ್ಣದೇ ಎದ್ದು ಹೋಗ್ಲಾ?”

ಅದಕ್ಕೂ ಅವಳು ಒಪ್ಪುವಂತಿರಲಿಲ್ಲ. ಗೋಡೆಯ ಕಡೆ, ತೀರಿಕೊಂಡ ಗಂಡನಿಗೆಂದು ಇಟ್ಟಿದ್ದ ಹೊಸ ಪಂಚೆಯ ಕಡೆ ಒಮ್ಮೆ ನೋಡಿದಳು. ಕಡೆಗೆ, “ಉಣ್ಣಿ” ಎಂದಳು.

ಎಡಗೈಯಲ್ಲಿ ಮುದ್ದೆ ಮುರಿದೆ. ಮುರಿದದ್ದು ಬೆರಳಿಗೇ ಅಂಟಿಕೊಂಡಿತು, ಸಾರಿನಲ್ಲಿ ಅದ್ದಿದರೆ ಅರ್ಧ ಅಲ್ಲೇ ಬಿತ್ತು, ಉಳಿದದ್ದು ಗಲ್ಲಕ್ಕೆ ಮೆತ್ತಿ ಸೀರೆಯ ಮೇಲೆ ಸಾರು ಇಳಿಯಿತು. ನಾಚಿಕೆಯಾಯಿತು, ಆದರೂ ನಿಲ್ಲಿಸಲಿಲ್ಲ. ಎರಡನೆಯ ತುತ್ತೂ ಹಾಗೇ. ಮೂರನೆಯದಕ್ಕೆ ಕಂಬದ ಪಕ್ಕದಿಂದ ಕಿಸಕ್ಕೆಂದು ನಗು ಕೇಳಿಸಿತು. ಭಾಗ್ಯ ನಗುತ್ತಿದ್ದಳು. ಅವಳ ತಾಯಿ ತಿರುಗಿ ಮಗಳನ್ನು ನೋಡಿದಳು, ಎಷ್ಟೋ ದಿನದ ಮೇಲೆ ಕೇಳಿದವಳ ಹಾಗೆ.

“ಚಿಕ್ಕತಾಯಮ್ಮ,” ಎಂದೆ, “ನೋಡಿ, ಅಭ್ಯಾಸವಿಲ್ಲದ ಕೈಯಲ್ಲಿ ನಲವತ್ತೊಂದು ವರ್ಷದವಳಿಗೆ ಹೀಗಾಗುತ್ತೆ. ಆರು ವರ್ಷದ ಮಗುವಿಗೆ ಇದನ್ನೇ ಮಾಡು ಅಂತ ನಾನು ಹೇಳಿದ್ದು. ನಾನು ಹೇಳಿದ್ದು ತಪ್ಪು. ಬಿಚ್ಚಿ.”

ಅವಳಿಗೆ ಕೋಪ ಉಕ್ಕಿತು. “ತಪ್ಪಾ? ಮೂರ್ ತಿಂಗ್ಳಿಂದ ಕೂಸಿನ ಕೈ ಕಟ್ಟೀವ್ನಿ. ಎಷ್ಟ್ ಅತ್ತಾಳೆ ಗೊತ್ತಾ? ಮೇಷ್ಟ್ರಮ್ಮ ಯೋಳವ್ರೆ, ಓದಿದ್ದೋರು, ಒಳ್ಳೇದಕ್ಕೇಯ ಅಂತ ನಾ ಕಲ್ಲಾಗಿ ಕೂತಿದ್ದೆ. ಈಗ ಬಂದು ಉಂಡ್ಕಂಡು ತಪ್ಪು ಅಂತೀರಾ?”

“ಹೌದು, ಬೈಯಿರಿ. ಆದರೆ ಬಿಚ್ಚಿ” ಎಂದೆ.

“ನಿಮ್ಗೇನ್ ಗೊತ್ತು” ಎಂದು ಅವಳು ಅಲ್ಲೇ ಕುಕ್ಕರಗಾಲಲ್ಲಿ ಕೂತಳು. “ನನ್ ತಂಗಿ ಇದ್ಲು. ಅವ್ಳೂ ಎಡಚಿ. ನಾಗಮಂಗಲದ ಕಡೆ ಕೊಟ್ಟಿದ್ದೊ. ಎಡಗೈಲಿ ಬಡುಸ್ತಾಳೆ, ಮನೆ ಏಳ್ಗೆ ಆಗಾಕಿಲ್ಲ ಅಂತ ವರ್ಸದೊಳ್ಗೆ ತಂದ್ ಬುಟ್ಟೋದ್ರು. ಸಾಯೋಗಂಟ ನಮ್ಮಟ್ಟೀಲೇ ಇದ್ಲು. ಇವ್ಳಿಗೆ ಅಂಗಾಗ್ಬಾರ್ದು ಅಂತ್ಲೇ ನಾ ಕಟ್ಟಿದ್ದು, ನಿಮ್ ಮಾತ್ ಒಂದ್ರಿಂದ್ಲೇ ಅಲ್ಲ.”

ಎಡಗೈಯನ್ನು ಚಾಳಿ ಎಂದು ಹೆಸರಿಟ್ಟು ನಾನು ಬಸ್ಸಿಗೆ ಓಡಿದ್ದೆ. ಅವಳಿಗೆ ಅದು ಒಬ್ಬ ತಂಗಿಯ ಇಡೀ ಬಾಳು.

“ಬಡಿಸೋದು, ಕೊಡೋದು, ಉಣ್ಣೋದು ಬಲಗೈಯಲ್ಲೇ ಕಲಿಸಿ” ಎಂದೆ. “ನಾನೂ ಕಲಿಸ್ತೀನಿ, ನಿಧಾನವಾಗಿ, ಕಟ್ಟದೆ. ಬರೆಯೋದು ಮಾತ್ರ ಅವಳ ಕೈಗೆ ಬಿಡಿ. ಬರೆಯೋ ಕೈ ನೋಡಿ ಯಾರೂ ತವರಿಗೆ ಕಳಿಸಲ್ಲ.”

“ಕಳುಸುದ್ರೆ?”

“ಅಷ್ಟೊತ್ತಿಗೆ ಓದಿಕೊಂಡಿರ್ತಾಳೆ.”

ಬೋರೇಗೌಡ ಮಜ್ಜಿಗೆ ಸುರ್ರನೆ ಕುಡಿದು, “ಬಿಚ್ಚಕ್ಕೊ ಅತ್ಲಾಗೆ, ಕೂಸು ಗೂಟಕ್ ಕಟ್ಟಿದ್ ಕರ ಇದ್ದಂಗದೆ” ಎಂದ. ಚಿಕ್ಕತಾಯಮ್ಮ ಅವನಿಗೆ, “ಉಣ್ಣಲಾ ನೀನು, ನ್ಯಾಯ ಯೋಳಾಕ್ ಬಂದವ್ನೆ” ಎಂದು ಗದರಿದಳು. ಬಿಚ್ಚಲಿಲ್ಲ. ನಾನು ಕೈ ತೊಳೆದು ಹೊರಟೆ.

ಮರುದಿನ ಭಾಗ್ಯ ಬರಲಿಲ್ಲ. ಅದರ ಮರುದಿನ ಬೆಳಿಗ್ಗೆ ಚಿಕ್ಕತಾಯಮ್ಮನೇ ಅವಳ ಕೈಹಿಡಿದು ಕರೆತಂದು, ಹಿಂದಿನ ಗೋಡೆಗೆ ಒರಗಿ ಕೂತಳು. “ನನ್ ಕಣ್ ಮುಂದೆ ಬರೀಲಿ, ನೋಡ್ತೀನಿ” ಎಂದಳು. ಎಲ್ಲ ಮಕ್ಕಳ ಮುಂದೆ, ತಾನೇ ಹಾಕಿದ ಗಂಟನ್ನು ಬೆರಳಿಗೆ ಬಾರದೆ ಹಲ್ಲಿನಿಂದ ಕಚ್ಚಿ ಬಿಚ್ಚಿದಳು. ಮಣಿಕಟ್ಟಿನಲ್ಲಿ ಬಿಳಿಚಿದ ಪಟ್ಟಿಯೊಂದು ಉಳಿದಿತ್ತು. ಅದನ್ನು ಹೆಬ್ಬೆರಳಿಂದ ಎರಡು ಸಲ ಉಜ್ಜಿ ಬಿಟ್ಟಳು. ಭಾಗ್ಯ ಹಲಗೆಯನ್ನು ಓರೆಯಾಗಿ ಇಟ್ಟುಕೊಂಡು ಬರೆಯತೊಡಗಿದಳು. ಅಜ್ಜಿ ಮಧ್ಯಾಹ್ನದವರೆಗೆ ಕೂತಿದ್ದಳು, ಓದು ಬಾರದವಳು ಆ ಗೆರೆಗಳನ್ನು ಎಷ್ಟು ಸಲ ನೋಡಿದಳೋ. ಆ ವರ್ಷವೆಲ್ಲ ನಾನೂ ಅವಳೂ ಮಾತಿನಂತೆ ನಡೆದುಕೊಂಡೆವು: ಮನೆಯಲ್ಲಿ ಬಲಗೈ, ಹಲಗೆಗೆ ಎಡಗೈ.

ಎಲ್ಲ ಸರಿಹೋಯಿತು ಎಂದು ಬರೆದರೆ ಸುಳ್ಳಾಗುತ್ತದೆ. ಕೈ ಬೇಗ ಬಂತು, ಎರಡು ತಿಂಗಳಿಗೆ ಅವಳ ಅಕ್ಷರ ತರಗತಿಯಲ್ಲೇ ಮೇಲಾಯಿತು. ಮಾತು ಅಷ್ಟು ಬೇಗ ಬರಲಿಲ್ಲ. ಗೆಳತಿಯರ ಜೊತೆ ಸರಾಗವಾಗಿ ಆಡುತ್ತಿದ್ದಳು, ದೊಡ್ಡವರ ಮುಂದೆ ಮೊದಲಕ್ಷರಕ್ಕೇ ನಿಲ್ಲುತ್ತಿದ್ದಳು. ನಾನು ಆ ಶಾಲೆಯಿಂದ ವರ್ಗವಾಗುವ ಹೊತ್ತಿಗೂ ಅದು ಪೂರ್ತಿ ಹೋಗಿರಲಿಲ್ಲ.

ಕಳೆದ ವರ್ಷ, ೧೯೯೮ರಲ್ಲಿ, ಪಾಂಡವಪುರದ ಬಸ್ ನಿಲ್ದಾಣದಲ್ಲಿ ಅಜ್ಜಿ ಮೊಮ್ಮಗಳು ಇಬ್ಬರೂ ಸಿಕ್ಕರು. ಕೆ.ಆರ್. ಪೇಟೆಯಲ್ಲಿರುವ ಭಾಗ್ಯಳ ಸೋದರತ್ತೆಯ ಮನೆಗೆ ಹೊರಟಿದ್ದರು. ಹುಡುಗಿ ಐದನೇ ತರಗತಿ, ಉದ್ದವಾಗಿದ್ದಳು. ಬಸ್ಸು ಬಂದು ನಿಂತಿತು, ಜನ ನುಗ್ಗಿದರು. ಚಿಕ್ಕತಾಯಮ್ಮ ಮೊಮ್ಮಗಳನ್ನು ಮುಂದಕ್ಕೆ ತಳ್ಳುತ್ತ, “ಅತ್ತು, ಎಲ್ಲಾರ ಕೂತ್ಕ” ಎಂದಳು. ಭಾಗ್ಯ ಮೆಟ್ಟಿಲ ಮೇಲೆ ಒಂದು ಕಾಲಿಟ್ಟು ತಿರುಗಿದಳು. “ನಂ... ನಂ...” ಎಂದು ನಿಂತಳು.

ನನ್ನ ನಾಲಗೆಯ ತುದಿಗೆ ಬಂದಿತ್ತು, ಏನಮ್ಮ, ಚೀಲ ಬೇಕಾ, ನೀರು ಬೇಕಾ ಎಂದು. ತುಟಿ ಕಚ್ಚಿಕೊಂಡೆ. ಕಂಡಕ್ಟರ್, “ಅತ್ತೋ ಇಳಿಯೋ, ಒಂದ್ ಮಾಡವ್ವ” ಎಂದು ಕೂಗಿದ. ಚಿಕ್ಕತಾಯಮ್ಮ ಬಾಗಿಲಿಗೆ ಕೈ ಅಡ್ಡ ಇಟ್ಟು, “ನಿಂತ್ಕಳಪ್ಪ ವಸಿ, ನಮ್ ಕೂಸು ಏನೋ ಯೋಳ್ತದೆ” ಎಂದಳು. ಬಸ್ಸು ಗುರುಗುಟ್ಟುತ್ತಲೇ ಇತ್ತು. ನಾವಿಬ್ಬರೂ ಅವಳ ಬಾಯನ್ನೇ ನೋಡುತ್ತ ನಿಂತೆವು.

“ನಂಗೆ ಕಿ... ಕಿಟಕಿ ಪಕ್ಕದ್ ಸೀಟೇ ಬೇಕು” ಎಂದಳು ಭಾಗ್ಯ.

“ಅಷ್ಟೇಯಾ? ಓಗಿ ಇಡ್ಕ ಓಗು” ಎಂದಳು ಅಜ್ಜಿ. ಹುಡುಗಿ ಜನರ ನಡುವೆ ನುಸುಳಿ ಹೋಗಿ ಹಿಡಿದೇ ಹಿಡಿದಳು.

ಈಗಲೂ ನಾನು ಪಾಠ ಮಾಡುತ್ತೇನೆ, ತಿದ್ದುವುದೇ ನನ್ನ ಕೆಲಸ. ಆದರೆ ಯಾವುದೇ ಮಗುವಿನ ಮನೆಯವರನ್ನು ದಾರಿಯಲ್ಲಿ ಕಂಡಾಗ ನಿಂತು ಮಾತಾಡಲು ಸಮಯವಿಲ್ಲದಿದ್ದರೆ, ಆ ಮಗುವಿನ ಬಗ್ಗೆ ಏನನ್ನೂ ಹೇಳುವುದಿಲ್ಲ. ಅರ್ಧ ನಿಮಿಷದ ಮಾತಿಗೆ ಆ ಹುಡುಗಿ ಎಷ್ಟು ವರ್ಷದಿಂದ ಬೆಲೆ ತೆರುತ್ತಿದ್ದಾಳೆಂದು ನಾನು ಬಲ್ಲೆ.